ಓದುಗರ ಪ್ರಶ್ನೆ: ಐವತ್ತು ಲಕ್ಷದ ಮನೆಗೆ ಕೈಯಿಂದ ಹೋಗುವುದೆಷ್ಟು?

ಗೃಹಸಾಲದ ಬಗ್ಗೆ ಮಂಗಳೂರು, ಉಡುಪಿ ಕಡೆಯಿಂದ ಬಂದ ಪತ್ರಗಳಲ್ಲಿ ಎಂಟಕ್ಕೆ ಈ ಸಲ ಉತ್ತರಿಸಿದ್ದೇವೆ. ಬೇರೆ ಹೇಳದ ಕಡೆಯೆಲ್ಲ ಬಡ್ಡಿಯನ್ನು ವರ್ಷಕ್ಕೆ ಶೇ 8.5 ಎಂದು ಹಿಡಿದಿದ್ದೇವೆ. ನಿಮ್ಮ ದರ ಬೇರೆಯಿದ್ದರೆ ಅಂಕಿ ಬದಲಾದೀತು, ಲೆಕ್ಕದ ದಾರಿ ಬದಲಾಗದು.

ಕಾವೂರಿನಲ್ಲಿ ಕಟ್ಟುತ್ತಿರುವ ಅಪಾರ್ಟ್‌ಮೆಂಟಿನಲ್ಲಿ 50 ಲಕ್ಷದ ಫ್ಲ್ಯಾಟ್ ನೋಡಿದ್ದೇವೆ. 40 ಲಕ್ಷ ಸಾಲ, 20 ವರ್ಷ, ಕಂತು ಮೂವತ್ತೈದು ಸಾವಿರದೊಳಗೆ ಎಂದಿದ್ದಾರೆ. ನಮ್ಮ ಸಂಬಳಕ್ಕೆ ಅದು ಹೊಂದುತ್ತದೆ. ಆದರೆ ಕೊನೆಗೆ ಒಟ್ಟು ಎಷ್ಟಾಗುತ್ತದೆ ಎಂದು ಕೇಳಿದರೆ ಯಾರೂ ನೇರ ಉತ್ತರ ಕೊಡುವುದಿಲ್ಲ. – ಓದುಗರು, ಬೊಂದೇಲ್

ಸುಮಾರು ಒಂದು ಕೋಟಿ ಆಗುತ್ತದೆ. ಹೇಗೆ ಎಂದು ಬಿಡಿಸಿ ಹೇಳುತ್ತೇವೆ.

40 ಲಕ್ಷಕ್ಕೆ 20 ವರ್ಷದ ಕಂತು 34,713 ರೂಪಾಯಿ. 240 ಕಂತು ಮುಗಿದಾಗ ನೀವು ಕಟ್ಟಿದ್ದು 83.31 ಲಕ್ಷ. ಅದರಲ್ಲಿ ಬಡ್ಡಿಯೇ 43.31 ಲಕ್ಷ, ತೆಗೆದುಕೊಂಡ ಅಸಲಿಗಿಂತ ಜಾಸ್ತಿ.

ಇನ್ನು ಸಾಲಕ್ಕೆ ಸೇರದ ಹಣ. 30 ಲಕ್ಷದ ಮೇಲೆ 75 ಲಕ್ಷದವರೆಗಿನ ಸಾಲಕ್ಕೆ ಮನೆಯ ಬೆಲೆಯ ಶೇ 80ಕ್ಕಿಂತ ಹೆಚ್ಚು ಕೊಡಬಾರದೆಂಬುದು ರಿಸರ್ವ್ ಬ್ಯಾಂಕಿನ ನಿಯಮ. ಹಾಗಾಗಿ 10 ಲಕ್ಷ ನಿಮ್ಮದೇ. ಈ ಬೆಲೆಗೆ ಮುದ್ರಾಂಕ ಶುಲ್ಕವನ್ನಾಗಲಿ ನೋಂದಣಿ ಶುಲ್ಕವನ್ನಾಗಲಿ ಸೇರಿಸುವಂತಿಲ್ಲ. ಹಾಗಾಗಿ ಅವೂ ನಿಮ್ಮ ಜೇಬಿನಿಂದಲೇ ಹೋಗಬೇಕು. ಕರ್ನಾಟಕದಲ್ಲಿ ಈ ಬೆಲೆಯ ಫ್ಲ್ಯಾಟಿಗೆ ಮುದ್ರಾಂಕ ಶುಲ್ಕ ಶೇ 5, ಆ ಶುಲ್ಕದ ಮೇಲೆ ಶೇ 10 ಸೆಸ್ ಮತ್ತು ನಗರದಲ್ಲಿ ಶೇ 2 ಸರ್ಚಾರ್ಜ್. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 1ರಿಂದ ಶೇ 2ಕ್ಕೆ ಏರಿದೆ. ಎಲ್ಲ ಸೇರಿ ಶೇ 7.6, ಅಂದರೆ 3.8 ಲಕ್ಷ. ಕಟ್ಟಡ ಇನ್ನೂ ಕಟ್ಟುತ್ತಿರುವುದರಿಂದ ಜಿಎಸ್‌ಟಿ ಶೇ 5, ಅದು 2.5 ಲಕ್ಷ. ಕಂಪ್ಲೀಶನ್ ಸರ್ಟಿಫಿಕೇಟ್ ಬಂದ ನಂತರ ಮಾರುವ ಫ್ಲ್ಯಾಟಿಗೆ ಜಿಎಸ್‌ಟಿ ಇಲ್ಲ. ಪಕ್ಕದ ರಸ್ತೆಯಲ್ಲಿ ಸಿದ್ಧವಾಗಿರುವ ಫ್ಲ್ಯಾಟ್ ಒಂದೂವರೆ ಲಕ್ಷ ದುಬಾರಿ ಎಂದು ಬಿಟ್ಟು ಬರುವ ಮೊದಲು ಇದನ್ನು ನೆನಪಿಡಿ.

ಕೂಡಿಸಿ: 10 + 3.8 + 2.5 = 16.3 ಲಕ್ಷ. ಕಂತುಗಳ 83.31 ಲಕ್ಷ ಸೇರಿದರೆ 99.61 ಲಕ್ಷ. ಬ್ಯಾಂಕಿನ ಪ್ರೊಸೆಸಿಂಗ್ ಶುಲ್ಕ, ಅದರ ಮೇಲೆ ಶೇ 18 ಜಿಎಸ್‌ಟಿ, ವಕೀಲರ ಮತ್ತು ಮೌಲ್ಯಮಾಪಕರ ಫೀ, ಅಡಮಾನ ಪತ್ರದ ಖರ್ಚು, ಮೆಸ್ಕಾಂನ ವಿದ್ಯುತ್ ಠೇವಣಿ, ಪಾರ್ಕಿಂಗ್, ನಿರ್ವಹಣೆಯ ಮುಂಗಡ ಇವು ಯಾವುದೂ ಇದರಲ್ಲಿಲ್ಲ. ಬಿಲ್ಡರ್ ಹತ್ತಿರ ಇವೆಲ್ಲ ಸೇರಿದ ಒಂದೇ ಮೊತ್ತವನ್ನು ಬರೆಸಿಕೊಳ್ಳಿ. ಇನ್ನೊಂದು ಮಾತು: ಬೆಲೆ 50 ಲಕ್ಷ ಅಥವಾ ಅದಕ್ಕಿಂತ ಹೆಚ್ಚಾದರೆ ಮಾರುವವರಿಗೆ ಕೊಡುವ ಹಣದಲ್ಲಿ ಶೇ 1ರಷ್ಟನ್ನು ನೀವೇ ಹಿಡಿದು ಅವರ ಪ್ಯಾನ್‌ಗೆ ತೆರಿಗೆ ಕಟ್ಟಬೇಕು. ಇದು ಹೆಚ್ಚುವರಿ ಖರ್ಚಲ್ಲ. ಆದರೆ ಮರೆತರೆ ಬಡ್ಡಿ ಮತ್ತು ವಿಳಂಬ ಶುಲ್ಕ ಬೀಳುವುದು ಕೊಂಡವರ ಮೇಲೆ.

ಸಾಲದ ಒಳಗೆ ಏನು ನಡೆಯುತ್ತದೆ ಎಂಬುದನ್ನು ತಿಳಿದುಕೊಳ್ಳಲೇಬೇಕು. ಮೊದಲ ತಿಂಗಳ 34,713ರಲ್ಲಿ 28,333 ಬಡ್ಡಿಗೆ, ಬರೀ 6,380 ಅಸಲಿಗೆ. ಐದು ವರ್ಷ ಒಂದು ಕಂತೂ ತಪ್ಪಿಸದೆ 20.83 ಲಕ್ಷ ಕಟ್ಟಿದ ಮೇಲೂ ಬಾಕಿ 35.25 ಲಕ್ಷ ಇರುತ್ತದೆ. ಕಂತಿನಲ್ಲಿ ಬಡ್ಡಿಗಿಂತ ಅಸಲು ಹೆಚ್ಚಾಗುವುದು ಹನ್ನೆರಡನೇ ವರ್ಷದಲ್ಲಿ. ಏಳೆಂಟು ವರ್ಷಕ್ಕೆ ಫ್ಲ್ಯಾಟ್ ಮಾರಿ ಊರಿಗೆ ಹೋಗುವ ಯೋಚನೆಯಿದ್ದರೆ ಈ ಅಂಕಿಯನ್ನು ಮುಂದಿಟ್ಟುಕೊಂಡೇ ಯೋಚಿಸಿ.

ಈಗ ಅವಧಿ. ‘ಕಂತು ಭಾರವಾದರೆ 30 ವರ್ಷ ಮಾಡಿಸೋಣ’ ಎಂದು ಯಾರಾದರೂ ಹೇಳಿಯೇ ಹೇಳುತ್ತಾರೆ. 30 ವರ್ಷಕ್ಕೆ ಕಂತು 30,757. ತಿಂಗಳಿಗೆ ಇಳಿಯುವುದು 3,956 ರೂಪಾಯಿ. ಒಟ್ಟು ಕಟ್ಟುವುದು 1.11 ಕೋಟಿ, ಅಂದರೆ 20 ವರ್ಷದ ಲೆಕ್ಕಕ್ಕಿಂತ 27 ಲಕ್ಷ ಜಾಸ್ತಿ. ಅದೇ 15 ವರ್ಷವಾದರೆ ಕಂತು 39,390, ಒಟ್ಟು 70.90 ಲಕ್ಷ. ತಿಂಗಳಿಗೆ 4,677 ಹೆಚ್ಚು ಕಟ್ಟಿ 12.41 ಲಕ್ಷ ಉಳಿಸಿದಂತೆ. ಬಡ್ಡಿದರದಲ್ಲಿ ಕಾಲು ಪರ್ಸೆಂಟ್ ಇಳಿಸಿಕೊಳ್ಳಲು ನಾಲ್ಕು ಬ್ಯಾಂಕಿಗೆ ಅಲೆಯುವವರು ಅವಧಿಯ ಕಾಲಂನಲ್ಲಿ ಬ್ಯಾಂಕಿನವರು ಬರೆದದ್ದಕ್ಕೆ ಸುಮ್ಮನೆ ಸಹಿ ಹಾಕಿ ಬರುತ್ತಾರೆ. ನಮಗೆ ತುಂಬ ಬೇಸರ ತರುವ ಸಂಗತಿ ಇದು.

ಇಷ್ಟು ಹೇಳಿದ ಮೇಲೆ ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಇಪ್ಪತ್ತನೇ ವರ್ಷದಲ್ಲಿ ಕಟ್ಟುವ 34,713 ಇಂದಿನ 34,713 ಅಲ್ಲ. ವರ್ಷಕ್ಕೆ ಶೇ 5ರ ಬೆಲೆಯೇರಿಕೆ ಹಿಡಿದರೆ ಕೊನೆಯ ಕಂತು ಇಂದಿನ ಲೆಕ್ಕದಲ್ಲಿ 13 ಸಾವಿರದಷ್ಟೇ. ಆದರೆ ಈ ಅನುಕೂಲ ಸಿಗುವುದು ಸಂಬಳವೂ ಅದರ ಜೊತೆಗೇ ಏರುವವರಿಗೆ. ಹಾಗೆ ಏರುವುದಾದರೆ ದಾರಿಯೊಂದಿದೆ: 20 ವರ್ಷಕ್ಕೇ ಸಾಲ ಮಾಡಿ, ಪ್ರತಿ ವರ್ಷ ಕಂತನ್ನು ಶೇ 5ರಷ್ಟು ಹೆಚ್ಚಿಸಲು ಬ್ಯಾಂಕಿಗೆ ಬರೆದುಕೊಡಿ. ಸಾಲ 12 ವರ್ಷ 3 ತಿಂಗಳಿಗೆ ತೀರುತ್ತದೆ, ಬಡ್ಡಿ 43.31 ಲಕ್ಷದಿಂದ ಸುಮಾರು 27.7 ಲಕ್ಷಕ್ಕೆ ಇಳಿಯುತ್ತದೆ. ಹನ್ನೆರಡನೇ ವರ್ಷದಲ್ಲಿ ಕಂತು 59 ಸಾವಿರ ದಾಟಿರುತ್ತದೆ ಎಂಬುದನ್ನೂ ಮರೆಯಬೇಡಿ. ಕಷ್ಟವಾದ ವರ್ಷ ಏರಿಸದೆ ಬಿಡಬಹುದು. ಮೊದಲೇ 15 ವರ್ಷಕ್ಕೆ ಸಹಿ ಹಾಕಿದವರಿಗೆ ಆ ಸ್ವಾತಂತ್ರ್ಯ ಇಲ್ಲ.

ಸ್ವಂತ ಜಾಗದಲ್ಲಿ ಮುರಕಲ್ಲಿನ ಮನೆ ಕಟ್ಟಲು 30 ಲಕ್ಷ ಸಾಲ ಮಂಜೂರಾಗಿದೆ. ಹಣ ಹಂತಹಂತವಾಗಿ ಬರುತ್ತದಂತೆ, ಮನೆ ಮುಗಿಯುವವರೆಗೆ ಬರೀ ಬಡ್ಡಿ ಕಟ್ಟಿದರೆ ಸಾಕಂತೆ. ಇದು ಒಳ್ಳೆಯದೇ ಅಲ್ಲವೇ? – ಓದುಗರು, ಬ್ರಹ್ಮಾವರ

ಕೆಲಸ ಬೇಗ ಮುಗಿದರೆ ಒಳ್ಳೆಯದು. ಮಳೆಗೆ ಸಿಕ್ಕಿಕೊಂಡರೆ ಅಲ್ಲ.

ಬಿಡುಗಡೆಯಾದ ಪ್ರತಿ ಒಂದು ಲಕ್ಷಕ್ಕೆ ತಿಂಗಳಿಗೆ 708 ರೂಪಾಯಿ ಬಡ್ಡಿ. ಡಿಸೆಂಬರ್‌ನಲ್ಲಿ 10 ಲಕ್ಷ, ಮಾರ್ಚ್‌ನಲ್ಲಿ ಇನ್ನೊಂದು 10 ಲಕ್ಷ ಬಂತೆನ್ನಿ. ಮೇ ಕೊನೆಯ ಪತ್ತನಾಜೆಗೆ ಮೊದಲು ಸ್ಲ್ಯಾಬ್ ಬಿದ್ದರೆ ಮಳೆಗಾಲದಲ್ಲಿ ಒಳಗಿನ ಕೆಲಸ ಸಾಗುತ್ತದೆ. ಬೀಳದಿದ್ದರೆ ಜೂನ್‌ನಿಂದ ಅಕ್ಟೋಬರ್‌ವರೆಗೆ ಐದು ತಿಂಗಳು ಗೋಡೆ ನೆನೆಯುತ್ತ ನಿಂತಿರುತ್ತದೆ, ನೀವು ತಿಂಗಳಿಗೆ 14,167ರಂತೆ 70,833 ರೂಪಾಯಿ ಬಡ್ಡಿ ಕಟ್ಟುತ್ತೀರಿ. ಅಸಲು ಒಂದು ರೂಪಾಯಿಯೂ ಇಳಿದಿರುವುದಿಲ್ಲ. ಬಾಡಿಗೆ ಮನೆಯಲ್ಲಿದ್ದರೆ ಆ ಐದು ತಿಂಗಳ ಬಾಡಿಗೆಯೂ ಇದೇ ಲೆಕ್ಕಕ್ಕೆ ಸೇರುತ್ತದೆ.

ಆದ್ದರಿಂದ ಮೊದಲ ಹಣ ಎತ್ತುವ ತಿಂಗಳನ್ನು ನೀವೇ ನಿರ್ಧರಿಸಿ. ಎತ್ತದ ಹಣಕ್ಕೆ ಬಡ್ಡಿ ಇಲ್ಲ. ಪಂಚಾಂಗಕ್ಕೆ, ಅಂದರೆ ಅಡಿಪಾಯಕ್ಕೆ, ನಿಮ್ಮ ಸ್ವಂತ ಪಾಲಿನ ಹಣ ಹಾಕಿ. ಬ್ಯಾಂಕಿನವರೂ ಸಾಮಾನ್ಯವಾಗಿ ಅದನ್ನೇ ಮೊದಲು ಕೇಳುತ್ತಾರೆ. ಮಳೆಗೆ ಕೋರೆಯಲ್ಲಿ ನೀರು ನಿಂತು ಕಲ್ಲು ತೆಗೆಯುವುದು ನಿಲ್ಲುತ್ತದೆ, ಇದ್ದ ಕಲ್ಲಿನ ದರ ಏರುತ್ತದೆ. ಬೇಕಾದ ಕಲ್ಲನ್ನು ಏಪ್ರಿಲ್ ಒಳಗೆ ಇಳಿಸಿಕೊಳ್ಳಿ. ಇನ್ನು ಬ್ಯಾಂಕ್ ಹಣ ಕೊಡುವುದು ಮುಗಿದ ಕೆಲಸಕ್ಕೆ, ಗುತ್ತಿಗೆದಾರರು ಕೇಳುವುದು ಮುಂಗಡ. ಈ ಎರಡರ ನಡುವೆ ಕೈಯಲ್ಲಿ ಮೂರ್ನಾಲ್ಕು ಲಕ್ಷ ಇಲ್ಲದಿದ್ದರೆ ಕೆಲಸ ನಿಲ್ಲುವುದು ಅಲ್ಲಿಯೇ.

ಎಸ್ಟಿಮೇಟಿನಲ್ಲಿ ಬಿಟ್ಟುಹೋಗುವುದು ಏನೇನು ಎಂದು ನೋಡಿ: ಬಾವಿ, ಆವರಣ ಗೋಡೆ, ಶೌಚಗುಂಡಿ, ಜಾಗ ಸಮತಟ್ಟು ಮಾಡಿಸುವ ಜೆಸಿಬಿ ಖರ್ಚು, ಎಲ್ಲಕ್ಕಿಂತ ಮುಖ್ಯವಾಗಿ ತಾರಸಿ ಮೇಲಿನ ಶೀಟಿನ ಮಾಡು. ನಮ್ಮ ಮಳೆಗೆ ಬರೀ ಸ್ಲ್ಯಾಬ್ ಎಷ್ಟು ದಿನ ತಡೆದೀತು? ನಾಲ್ಕನೇ ಮಳೆಗಾಲಕ್ಕೆ ಸೋರಲು ಶುರುವಾಗಿ, ಆಗ ಪರ್ಸನಲ್ ಲೋನ್ ತೆಗೆದು ಶೀಟು ಹಾಕಿಸುತ್ತಾರೆ. ಗೃಹಸಾಲದ ದರದಲ್ಲಿ ಆಗಬಹುದಾಗಿದ್ದ ಕೆಲಸಕ್ಕೆ ಅದಕ್ಕಿಂತ ಎಷ್ಟೋ ಹೆಚ್ಚಿನ ಬಡ್ಡಿ ಕೊಡುವ ಹಾಗಾಗುತ್ತದೆ. ಎಸ್ಟಿಮೇಟಿನಲ್ಲೇ ಸೇರಿಸಿ. ಹೊಳೆಬಾಯಿಯ ಉಪ್ಪು ಮರಳನ್ನು ಕಾಂಕ್ರೀಟಿಗೆ ಹಾಕಲು ಬಿಡಬೇಡಿ. ಉಪ್ಪು ಒಳಗಿನ ಕಬ್ಬಿಣವನ್ನು ತಿನ್ನುತ್ತದೆ, ಸಾಲ ತೀರುವ ಮೊದಲೇ ಸ್ಲ್ಯಾಬಿನ ರಿಪೇರಿ ಬರುತ್ತದೆ.

ಆಗುವುದಾದರೆ ಮೊದಲ ಬಿಡುಗಡೆಯಿಂದಲೇ ಪೂರ್ತಿ ಕಂತು ಕಟ್ಟುತ್ತೇನೆ ಎಂದು ಕೇಳಿ ನೋಡಿ. ಬಡ್ಡಿ ಕಳೆದು ಉಳಿದದ್ದು ಅಸಲಿಗೆ ಹೋಗುತ್ತದೆ. ನಿಮ್ಮ ಸಾಲ ಮಂಜೂರಾಗಿದೆ ಸರಿ, ಇನ್ನೂ ಅರ್ಜಿ ಹಾಕದವರಿಗೆ ಒಂದು ಮಾತು: ಕೃಷಿ ಜಾಗದ ಕನ್ವರ್ಷನ್ ಆದೇಶ, ಪಂಚಾಯತಿ ಕೊಡುವ ಆಸ್ತಿ ದಾಖಲೆ 9/11, ಕಟ್ಟಡ ಪರವಾನಗಿ ಕೈಗೆ ಬರುವ ಮೊದಲು ಪ್ರೊಸೆಸಿಂಗ್ ಶುಲ್ಕ ಕಟ್ಟಬೇಡಿ. ಕಾಗದಕ್ಕೆ ಕಾಯುತ್ತ ಮಂಜೂರಾತಿ ಅವಧಿ ಮುಗಿದರೆ ಆ ಹಣ ಹೋದಂತೆ. ಜಾಗ ಮೂಲಗೇಣಿಯದಾದರಂತೂ (ಕಾಯಂ ಗೇಣಿಯದು) ಮೊದಲು ವಕೀಲರ ಬಳಿ ಹೋಗಿ.

2021ರ ನವೆಂಬರ್‌ನಲ್ಲಿ 30 ಲಕ್ಷ ಸಾಲ ಮಾಡಿದೆ, ಶೇ 7, 20 ವರ್ಷ, ಕಂತು 23,259. ಇಂದಿಗೂ ಕಂತು ಒಂದು ರೂಪಾಯಿ ಬದಲಾಗಿಲ್ಲ, ನಾಲ್ಕು ವರ್ಷ ಒಂದೂ ತಪ್ಪಿಸಿಲ್ಲ. ಈಗ ಸ್ಟೇಟ್‌ಮೆಂಟ್ ತೆಗೆಸಿದರೆ ಬಾಕಿ 28.5 ಲಕ್ಷ, ದರ ಶೇ 8.5, ಉಳಿದ ಕಂತು 287! ಶುರುವಿನಲ್ಲೇ ಇದ್ದದ್ದು 240. ಲೆಕ್ಕ ತಪ್ಪಿದೆಯೇ? – ಓದುಗರು, ಸುರತ್ಕಲ್

ಲೆಕ್ಕ ಸರಿಯಾಗಿದೆ. ಕಂತು ಬದಲಾಗದೆ ಇದ್ದದ್ದೇ ತೊಂದರೆಗೆ ಕಾರಣ.

ನಿಮ್ಮದು ಬದಲಾಗುವ ದರದ ಸಾಲ. 2019ರ ಅಕ್ಟೋಬರ್ 1ರ ನಂತರ ಬ್ಯಾಂಕುಗಳು ಕೊಟ್ಟ ಇಂಥ ಗೃಹಸಾಲಗಳು ರೆಪೊದಂತಹ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಹೊರಗಿನ ದರಕ್ಕೆ ಜೋಡಣೆಯಾಗಿರುತ್ತವೆ, ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಣೆ ಆಗಬೇಕು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ ಶೇ 4ರಿಂದ ಶೇ 6.5ಕ್ಕೆ ಏರಿತು. ನಿಮ್ಮ ಶೇ 7 ಕೂಡ ಶೇ 9.5 ಆಯಿತು. ಲೆಕ್ಕ ಸುಲಭವಾಗಲೆಂದು ಹದಿನೆಂಟು ತಿಂಗಳ ನಂತರ ಒಮ್ಮೆಲೇ ಏರಿತೆಂದು ಹಿಡಿಯೋಣ. ಆಗ ಬಾಕಿ 28.91 ಲಕ್ಷ. ಅದಕ್ಕೆ ಶೇ 9.5ರಂತೆ ತಿಂಗಳ ಬಡ್ಡಿಯೇ 22,887. ನಿಮ್ಮ 23,259ರಲ್ಲಿ ಅಸಲಿಗೆ ಹೋದದ್ದು 372 ರೂಪಾಯಿ! ಆ ದರ ಹಾಗೇ ಇದ್ದಿದ್ದರೆ ಸಾಲ ತೀರಲು ಇನ್ನೂ 43 ವರ್ಷಕ್ಕಿಂತ ಹೆಚ್ಚು ಬೇಕಿತ್ತು. 2025ರ ಫೆಬ್ರವರಿಯಿಂದ ಜೂನ್‌ವರೆಗೆ ರೆಪೊ ಮೂರು ಸಲ ಇಳಿದು ಶೇ 5.5ಕ್ಕೆ ಬಂದ ಕಾರಣ ನೀವು 287ಕ್ಕೆ ಬಂದು ನಿಂತಿದ್ದೀರಿ.

ದರ ಏರಿದಾಗ ಎರಡರಲ್ಲಿ ಒಂದು ಬದಲಾಗಲೇಬೇಕು, ಕಂತು ಅಥವಾ ಅವಧಿ. ಗ್ರಾಹಕರು ಕಂತು ಏರಿದರೆ ಗಾಬರಿಯಾಗುತ್ತಾರೆ, ಅವಧಿ ಏರಿದರೆ ಗೊತ್ತೇ ಆಗುವುದಿಲ್ಲ. ಹಾಗಾಗಿ ಅವಧಿಯೇ ಬೆಳೆಯುತ್ತದೆ. ಇದನ್ನು ತಡೆಯಲೆಂದೇ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತಿನ ಮೇಲೆ, ಅವಧಿಯ ಮೇಲೆ ಏನು ಪರಿಣಾಮ ಎಂದು ತಿಳಿಸಬೇಕು. ಕಂತು ಹೆಚ್ಚಿಸುವುದೋ, ಅವಧಿ ಹೆಚ್ಚಿಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆ ಸಾಲಗಾರರದು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಇದುವರೆಗೆ ಹೋದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇರಬೇಕು. ನಿಮ್ಮ ಮೊಬೈಲಿಗೆ ಬಂದ ಯಾವುದೋ ಸಂದೇಶದಲ್ಲಿ ಈ ಆಯ್ಕೆಯನ್ನು ಕೇಳಿರಲೂ ಸಾಕು. ಉತ್ತರ ಕೊಡದಿದ್ದರೆ ಅವಧಿ ತಾನಾಗಿ ಬೆಳೆಯುತ್ತ ಹೋಗುತ್ತದೆ.

ಈಗ ಮಾಡಬೇಕಾದದ್ದು: ಶಾಖೆಗೆ ಲಿಖಿತ ಅರ್ಜಿ ಕೊಡಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ‘ಮೂಲ ಒಪ್ಪಂದದಂತೆ ಉಳಿದ 192 ತಿಂಗಳಲ್ಲಿ ಸಾಲ ತೀರುವಂತೆ ಕಂತನ್ನು ಹೆಚ್ಚಿಸಿ, ಹೊಸ ಮರುಪಾವತಿ ಪಟ್ಟಿ ಕೊಡಿ’ ಎಂದು ಬರೆಯಿರಿ. ಹೊಸ ಕಂತು 27,203 ಆಗುತ್ತದೆ. ಈಗಿನಂತೇ ಬಿಟ್ಟರೆ ಇನ್ನು ಕಟ್ಟಬೇಕಾದದ್ದು 66.7 ಲಕ್ಷ, ಬದಲಾಯಿಸಿದರೆ 52.2 ಲಕ್ಷ. ಸುಮಾರು ನಾಲ್ಕು ಸಾವಿರ ಏರಿಸಿದ್ದಕ್ಕೆ ಹದಿನಾಲ್ಕೂವರೆ ಲಕ್ಷ ಉಳಿಯಿತು. ಅಷ್ಟು ಆಗದಿದ್ದರೆ ಒಂದೇ ಸಾವಿರ ಏರಿಸಿ. 287 ಕಂತು 253ಕ್ಕೆ ಇಳಿಯುತ್ತದೆ, ಐದು ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ. ಕಂತು ಬಡ್ಡಿಗೆ ಎಷ್ಟು ಹತ್ತಿರವಿದೆಯೋ ಅದಕ್ಕೆ ಸೇರಿಸುವ ಒಂದೊಂದು ರೂಪಾಯಿಗೂ ಅಷ್ಟು ಬಲ ಜಾಸ್ತಿ, ಏಕೆಂದರೆ ಸೇರಿಸಿದ್ದೆಲ್ಲ ನೇರ ಅಸಲಿಗೇ ಹೋಗುತ್ತದೆ.

ಇನ್ನೂ ಹಳೆಯ ಸಾಲ ಇರುವವರು ತಮ್ಮದು ಯಾವ ಪದ್ಧತಿ ಎಂದು ಕೇಳಿಕೊಳ್ಳಿ. 2010ರ ಜುಲೈನಿಂದ ಬೇಸ್ ರೇಟ್, 2016ರ ಏಪ್ರಿಲ್‌ನಿಂದ ಎಂಸಿಎಲ್‌ಆರ್ ಜಾರಿಯಲ್ಲಿತ್ತು; ಎರಡೂ ಬ್ಯಾಂಕ್ ತಾನೇ ಲೆಕ್ಕ ಹಾಕುವ ಮೂಲದರಗಳು. ಆ ಪದ್ಧತಿಗಳಲ್ಲೇ ಉಳಿದವರಿಗೆ ರೆಪೊ ಇಳಿತದ ಲಾಭ ನಿಧಾನಕ್ಕೆ, ಅರೆಬರೆಯಾಗಿ ತಲುಪುತ್ತದೆ. ಬ್ಯಾಂಕಿನಲ್ಲಿ ಕೇಳಿದರೆ ರೆಪೊ ಪದ್ಧತಿಗೆ ಬದಲಾಯಿಸಿ ಕೊಡುತ್ತಾರೆ. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ಹೊರಗಿನ ದರದ ಕಡ್ಡಾಯ ಇಲ್ಲ. ಅವು ತಮ್ಮದೇ ಮೂಲದರ ಇಟ್ಟುಕೊಂಡಿರುತ್ತವೆ, ಅಲ್ಲಿ ಇನ್ನೂ ಹೆಚ್ಚು ಎಚ್ಚರ ಬೇಕು.

ಅಡಿಕೆ ಮಾರಿದ ಹಣದಲ್ಲಿ ಪ್ರತಿ ವರ್ಷ ಒಂದೆರಡು ಲಕ್ಷ ಉಳಿಯುತ್ತದೆ. ಅದನ್ನು ಗೃಹಸಾಲಕ್ಕೆ ಕಟ್ಟುವುದೋ, ಠೇವಣಿ ಇಡುವುದೋ? – ಓದುಗರು, ಕಾರ್ಕಳ

ಕಟ್ಟಿ, ಅದೂ ಬೇಗ. ಮೇಲಿನ 40 ಲಕ್ಷದ ಸಾಲದ್ದೇ ಉದಾಹರಣೆ. ಎರಡನೇ ವರ್ಷದ ಕೊನೆಗೆ ಒಮ್ಮೆ 2 ಲಕ್ಷ ಕಟ್ಟಿದರೆ ಕೊನೆಯ 24 ಕಂತು ಬಿದ್ದುಹೋಗುತ್ತವೆ, ಉಳಿಯುವ ಬಡ್ಡಿ ಸುಮಾರು 6.45 ಲಕ್ಷ. ಅದೇ 2 ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಒಂದು ಲಕ್ಷಕ್ಕೂ ಕಡಿಮೆ.

ಕೌಂಟರಿನಲ್ಲಿ ಒಂದು ತಪ್ಪು ಆಗುತ್ತದೆ. ಹಣ ಕಟ್ಟಿದ ಮೇಲೆ ಅವಧಿ ಇಳಿಸಬೇಕೋ ಕಂತು ಇಳಿಸಬೇಕೋ ಎಂದು ಕೇಳುತ್ತಾರೆ, ಅಥವಾ ಕೇಳದೆ ಕಂತು ಇಳಿಸುತ್ತಾರೆ. ಮೇಲಿನ ಮೊದಲ ಉದಾಹರಣೆಯಲ್ಲಿ ಅವಧಿ ಹಾಗೇ ಇಟ್ಟು ಕಂತು ಇಳಿಸಿದರೆ ಕಂತು 1,811 ಕಡಿಮೆಯಾಗುತ್ತದೆ, ಉಳಿಯುವ ಬಡ್ಡಿ 1.91 ಲಕ್ಷ ಮಾತ್ರ. 6.45 ಎಲ್ಲಿ, 1.91 ಎಲ್ಲಿ! ‘ಕಂತು ಹಾಗೇ ಇರಲಿ, ಅವಧಿ ಇಳಿಸಿ’ ಎಂದು ಬರೆದುಕೊಡಿ. ಬದಲಾಗುವ ದರದ ಗೃಹಸಾಲವನ್ನು ಮುಂಚಿತವಾಗಿ ಕಟ್ಟಿದ್ದಕ್ಕೆ ವ್ಯಕ್ತಿಗಳಿಂದ ಬ್ಯಾಂಕ್ ದಂಡ ವಸೂಲಿ ಮಾಡುವಂತಿಲ್ಲ. ಅಸಲಿಗೆ ಜಮೆಯಾಯಿತೇ ಎಂದು ಮರುದಿನವೇ ಪಾಸ್‌ಬುಕ್ಕಿನಲ್ಲಿ ನೋಡಿ. ಕೆಲವು ಕಡೆ ಅದು ಮುಂದಿನ ಕಂತುಗಳ ಮುಂಗಡವಾಗಿ ಕೂತಿರುತ್ತದೆ.

ಠೇವಣಿಯ ಬಡ್ಡಿ ಸಾಲದ ಬಡ್ಡಿಗಿಂತ ಕಡಿಮೆ, ಮೇಲಾಗಿ ಅದಕ್ಕೆ ತೆರಿಗೆಯಿದೆ. ಆದರೂ ಕೊಳೆರೋಗ ಬಂದ ವರ್ಷ ಫಸಲು ಕೈಕೊಟ್ಟೀತು. ಆರು ತಿಂಗಳ ಕಂತು ಮತ್ತು ಮನೆಖರ್ಚಿನಷ್ಟು ಠೇವಣಿಯಲ್ಲಿರಲಿ, ಅದರ ಮೇಲಿನದ್ದು ಸಾಲಕ್ಕೆ ಹೋಗಲಿ. ಕಟ್ಟಿದ್ದು ಬೇಕೆಂದಾಗ ವಾಪಸು ಸಿಗಲಿ ಎಂದಿದ್ದರೆ ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲ ಕೇಳಬಹುದು. ಅದರ ದರ ಸ್ವಲ್ಪ ಹೆಚ್ಚು, ವರ್ಷಕ್ಕೊಮ್ಮೆ ಒಟ್ಟಿಗೆ ಹಣ ಬರುವವರಿಗೆ ಅದು ಹೊಂದುತ್ತದೆ.

ಬಾಕಿ 35 ಲಕ್ಷ, ಇನ್ನು 15 ವರ್ಷ, ದರ ಶೇ 9. ಇನ್ನೊಂದು ಬ್ಯಾಂಕ್ ಶೇ 8.25ಕ್ಕೆ ಸಾಲ ವರ್ಗಾಯಿಸಿಕೊಳ್ಳುತ್ತೇವೆ, ಕಂತು ಐದೂವರೆ ಸಾವಿರ ಇಳಿಯುತ್ತದೆ ಎನ್ನುತ್ತಿದೆ. ಹೋಗಬಹುದೇ? – ಓದುಗರು, ದೇರಳಕಟ್ಟೆ

ಐದೂವರೆ ಸಾವಿರ ಇಳಿಯುತ್ತದೆ ಎಂದಾಗಲೇ ಅನುಮಾನ ಬರಬೇಕು. ಮುಕ್ಕಾಲು ಪರ್ಸೆಂಟ್ ಇಳಿದರೆ ಕಂತು 35,499ರಿಂದ 33,955ಕ್ಕೆ, ಅಂದರೆ 1,544 ರೂಪಾಯಿ ಇಳಿಯಬೇಕು. ಅವರು ಸಾಲವನ್ನು ಮತ್ತೆ 20 ವರ್ಷಕ್ಕೆ ಎಳೆದಿದ್ದಾರೆ, ಆದ್ದರಿಂದ ಕಂತು 29,822. ಈಗಿನ ಬ್ಯಾಂಕಿನಲ್ಲೇ ಶೇ 9ರಲ್ಲಿ ಮುಂದುವರಿದರೆ ಇನ್ನು ಕಟ್ಟುವುದು 63.90 ಲಕ್ಷ. ಹೊಸ ಬ್ಯಾಂಕಿನಲ್ಲಿ ‘ಅಗ್ಗದ’ ದರದಲ್ಲಿ 20 ವರ್ಷ ಕಟ್ಟುವುದು 71.57 ಲಕ್ಷ. 15 ವರ್ಷಕ್ಕೇ ಇಟ್ಟು ಹೋದರೆ 61.12 ಲಕ್ಷ, ಆಗ ನಿಜವಾಗಿ 2.78 ಲಕ್ಷ ಉಳಿತಾಯ. ಅದರಲ್ಲಿ ಪ್ರೊಸೆಸಿಂಗ್ ಶುಲ್ಕ, ವಕೀಲರ ವರದಿ, ಮೌಲ್ಯಮಾಪನ, ಹೊಸದಾಗಿ ಅಡಮಾನ ಪತ್ರದ ಮುದ್ರಾಂಕ ಮತ್ತು ನೋಂದಣಿ ಕಳೆಯಿರಿ.

ಹೋಗುವ ಮೊದಲು ಈ ಆಫರ್ ಪತ್ರವನ್ನು ಈಗಿನ ಬ್ಯಾಂಕಿಗೆ ತೋರಿಸಿ. ನಿಮ್ಮ ದರವೆಂದರೆ ರೆಪೊ ಮತ್ತು ಅದರ ಮೇಲೆ ಬ್ಯಾಂಕ್ ಸೇರಿಸುವ ಪಾಲು. ಹೊಸಬರಿಗೆ ಈ ಪಾಲನ್ನು ಇಳಿಸಿ ಕೊಡುತ್ತಾರೆ, ಹಳಬರಿಗೆ ಕೇಳಿದರೆ ಮಾತ್ರ. ಸಣ್ಣ ಶುಲ್ಕಕ್ಕೆ ಅಲ್ಲೇ ದರ ಇಳಿಸಿಕೊಟ್ಟರೆ ಕಾಗದಪತ್ರ ಹೊತ್ತು ಓಡಾಡುವ ಕೆಲಸವೂ ಉಳಿಯುತ್ತದೆ.

ಸಾಲದ ಜೊತೆ 1.2 ಲಕ್ಷದ ವಿಮೆ ಕಡ್ಡಾಯ ಎಂದರು, ಸಾಲಕ್ಕೇ ಸೇರಿಸುತ್ತಾರಂತೆ. – ಓದುಗರು, ಕುಂದಾಪುರ

ನಿರ್ದಿಷ್ಟ ಕಂಪನಿಯ ವಿಮೆಯನ್ನೇ ಕೊಳ್ಳಬೇಕೆಂದು ಒತ್ತಾಯಿಸುವಂತಿಲ್ಲ. ಸಾಲಕ್ಕೆ ಸೇರಿದ ಆ 1.2 ಲಕ್ಷ 20 ವರ್ಷದಲ್ಲಿ ತಿಂಗಳಿಗೆ 1,041ರಂತೆ 2.5 ಲಕ್ಷವಾಗುತ್ತದೆ. ರಕ್ಷಣೆಯಂತೂ ಬೇಕೇಬೇಕು. ದುಡಿಯುವವರು ಹೋದರೆ ಮನೆಯವರ ತಲೆಗೆ ಸಾಲ ಬರಬಾರದು. ಆದರೆ ಬೇರೆಯಾಗಿ ಟರ್ಮ್ ಪಾಲಿಸಿ (ನಿಗದಿತ ಅವಧಿಯ ಜೀವವಿಮೆ) ಮಾಡಿ: ಮೊತ್ತ ಸಾಲದ ಜೊತೆ ಕರಗುವುದಿಲ್ಲ, ಸಾಲ ಬೇರೆ ಬ್ಯಾಂಕಿಗೆ ಹೋದರೂ ಪಾಲಿಸಿ ನಿಮ್ಮದಾಗಿಯೇ ಇರುತ್ತದೆ. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಸಾಲಗಳಿಗೆ ಪ್ರಮುಖ ಮಾಹಿತಿ ಪತ್ರ ಕೊಡಬೇಕೆಂಬ ನಿಯಮವಿದೆ. ಬಡ್ಡಿಯ ಜೊತೆ ಎಲ್ಲ ಶುಲ್ಕ ಸೇರಿದ ವಾರ್ಷಿಕ ದರ, ವಿಮೆಯಂತಹ ಮೂರನೆಯವರ ಖರ್ಚು, ಕಂತಿನ ಪಟ್ಟಿ ಅದರಲ್ಲಿರುತ್ತದೆ. ಅದರಲ್ಲಿ ಕಾಣದ ಶುಲ್ಕವನ್ನು ನಿಮ್ಮ ಒಪ್ಪಿಗೆಯಿಲ್ಲದೆ ಹಾಕುವಂತಿಲ್ಲ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರ ಬಿಟ್ಟು ಈ ವಾರ್ಷಿಕ ದರವನ್ನೇ ನೋಡಿ.

ಗೃಹಸಾಲದ ಬಡ್ಡಿಗೆ ತೆರಿಗೆ ರಿಯಾಯಿತಿ ಇರುವುದರಿಂದ ಬೇಗ ತೀರಿಸಬಾರದು ಎನ್ನುತ್ತಾರೆ. – ಓದುಗರು, ಮಣಿಪಾಲ

ಹೊಸ ತೆರಿಗೆ ಪದ್ಧತಿಯಲ್ಲಿ ನೀವೇ ವಾಸಿಸುವ ಮನೆಯ ಬಡ್ಡಿಗೆ ರಿಯಾಯಿತಿ ಇಲ್ಲವೇ ಇಲ್ಲ. ಹಳೆಯ ಪದ್ಧತಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ. 40 ಲಕ್ಷದ ಸಾಲಕ್ಕೆ ಮೊದಲ ವರ್ಷದ ಬಡ್ಡಿ 3.37 ಲಕ್ಷ, ಶೇ 30ರ ತೆರಿಗೆ ಹಂತದಲ್ಲಿರುವವರಿಗೂ ಉಳಿಯುವುದು ಹೆಚ್ಚೆಂದರೆ 62,400. ಇಷ್ಟಕ್ಕಾಗಿ ಸಾಲ ಉಳಿಸಿಕೊಳ್ಳುವುದು ಲೆಕ್ಕಕ್ಕೆ ಹೊಂದುವುದಿಲ್ಲ. ಮನೆ ಕಟ್ಟುತ್ತಿರುವವರು ಹಳೆಯ ಪದ್ಧತಿಯಲ್ಲಿದ್ದರೆ ಗಮನಿಸಿ: ಸಾಲ ಪಡೆದ ಆರ್ಥಿಕ ವರ್ಷ ಮುಗಿದು ಐದು ವರ್ಷದೊಳಗೆ ಕಟ್ಟಡ ಪೂರ್ಣವಾಗದಿದ್ದರೆ 2 ಲಕ್ಷದ ಮಿತಿ 30,000ಕ್ಕೆ ಇಳಿಯುತ್ತದೆ.

ಸಾಲ ಪೂರ್ತಿ ತೀರಿತು. ಸಾಲ ಕೊಟ್ಟ ಬ್ಯಾಂಕ್ ಈಗ ಇನ್ನೊಂದರಲ್ಲಿ ವಿಲೀನವಾಗಿದೆ, ಕಾಗದಪತ್ರ ಎಲ್ಲಿದೆ ಎಂದು ಶಾಖೆಯಲ್ಲಿ ಹೇಳುತ್ತಿಲ್ಲ. ಎರಡು ತಿಂಗಳಾಯಿತು. – ಓದುಗರು, ಉಡುಪಿ

ನಮ್ಮ ಜಿಲ್ಲೆಗಳಲ್ಲಿ ಹುಟ್ಟಿದ ಬ್ಯಾಂಕುಗಳಲ್ಲಿ ವಿಜಯಾ ಬ್ಯಾಂಕ್ 2019ರಲ್ಲಿ, ಸಿಂಡಿಕೇಟ್ ಮತ್ತು ಕಾರ್ಪೊರೇಶನ್ ಬ್ಯಾಂಕುಗಳು 2020ರಲ್ಲಿ ಬೇರೆ ಬ್ಯಾಂಕುಗಳೊಂದಿಗೆ ಸೇರಿದವು. ಹಾಗಾಗಿ ಇಂಥ ಪತ್ರಗಳು ಇಲ್ಲಿಂದಲೇ ಹೆಚ್ಚು ಬರುತ್ತವೆ. ವಿಲೀನವಾದರೂ ಹೊಣೆ ಈಗಿನ ಬ್ಯಾಂಕಿನದ್ದೇ.

2023ರ ಡಿಸೆಂಬರ್ 1ರ ನಂತರ ದಾಖಲೆ ಮರಳಿಸಬೇಕಾದ ಪ್ರಕರಣಗಳಲ್ಲಿ, ಸಾಲ ತೀರಿದ 30 ದಿನದೊಳಗೆ ಮೂಲ ದಾಖಲೆಗಳನ್ನು ಕೊಟ್ಟು ಋಣಭಾರವನ್ನು ತೆಗೆಸಬೇಕು. ತಡ ಬ್ಯಾಂಕಿನದಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ದಾಖಲೆ ಕಳೆದಿದ್ದರೆ ನಕಲು ಪಡೆಯಲು ನೆರವಾಗಿ ಅದರ ಖರ್ಚನ್ನೂ ಬ್ಯಾಂಕೇ ಭರಿಸಬೇಕು, ಅದಕ್ಕೆ ಇನ್ನೂ 30 ದಿನ ಸಿಗುತ್ತದೆ. ಸಾಲ ತೀರಿದ ತಾರೀಕು, ಮಂಜೂರಾತಿ ಸಮಯದಲ್ಲಿ ಕೊಟ್ಟ ದಾಖಲೆಗಳ ಪಟ್ಟಿ, ಈ ನಿಯಮ ಮೂರನ್ನೂ ಬರೆದು ಶಾಖೆಗೆ ದೂರು ಕೊಡಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ಅಥವಾ ಬಂದ ಉತ್ತರ ಸರಿಕಾಣದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ಆನ್‌ಲೈನಿನಲ್ಲಿ ದೂರು ಸಲ್ಲಿಸಿ. ಅದಕ್ಕೆ ಶುಲ್ಕ ಇಲ್ಲ.

ಕಾಗದ ಕೈಗೆ ಬಂದ ದಿನ ಪುಟ ಎಣಿಸಿಯೇ ಸಹಿ ಹಾಕಿ: ಮೂಲ ಕ್ರಯಪತ್ರ, ಹಿಂದಿನ ಕ್ರಯಪತ್ರಗಳು, ಕನ್ವರ್ಷನ್ ಆದೇಶ, ಪರವಾನಗಿ ಮತ್ತು ನಕ್ಷೆ. ಬಾಕಿಯಿಲ್ಲ ಎಂಬ ಪತ್ರವನ್ನು ಬೇರೆಯಾಗಿ ಪಡೆಯಿರಿ. ಅಡಮಾನ ನೋಂದಣಿಯಾಗಿದ್ದರೆ ಅದರ ಬಿಡುಗಡೆಯನ್ನೂ ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಬೇಕು. ಇದನ್ನು ಬಿಟ್ಟವರಿಗೆ ಹತ್ತು ವರ್ಷದ ನಂತರ ಮನೆ ಮಾರುವಾಗ ಋಣಭಾರ ಪತ್ರದಲ್ಲಿ ಹಳೆಯ ಸಾಲ ಕಾಣುತ್ತದೆ. ಕೃಷಿ ಜಾಗವನ್ನೂ ಆಧಾರವಾಗಿ ಕೊಟ್ಟಿದ್ದರೆ ಪಹಣಿಯ 11ನೇ ಕಾಲಂನಲ್ಲಿ ಬ್ಯಾಂಕಿನ ಹೆಸರು ಹೋಗಿದೆಯೇ ಎಂದು ನೋಡಿ. ಒಂದು ತಿಂಗಳು ಬಿಟ್ಟು ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಹೊಸ ಋಣಭಾರ ಪತ್ರ ತೆಗೆಸಿ, ಬಿಡುಗಡೆಯ ನಮೂದು ಬಂದಿದೆಯೇ ಎಂದು ಪರೀಕ್ಷಿಸಿ. ನಿಮ್ಮ ಸಾಲಗಳ ಚರಿತ್ರೆ ತೋರಿಸುವ ಸಿಬಿಲ್ ವರದಿಯಲ್ಲೂ ಸಾಲ ‘ಮುಕ್ತಾಯ’ ಎಂದು ಬದಲಾಗಿರಬೇಕು.